ಅರ್ಧ ಬ್ಲೇಡಿನಲ್ಲಿ ಕೆರೆದ ಸಂಗೀತ

ಸಿನಿಮಾ ಮುಗಿದ ಮೇಲೂ ಕುರ್ಚಿ ಬಿಟ್ಟು ಏಳದ ಮನುಷ್ಯನೊಬ್ಬನನ್ನು ನೀವು ಎಲ್ಲಾದರೂ ನೋಡಿದ್ದರೆ ಅದು ಬಹುಮಟ್ಟಿಗೆ ನಾನೇ. ದೀಪ ಹತ್ತುತ್ತದೆ, ಜನ ಕಾಲಲ್ಲೇ ಚಪ್ಪಲಿ ತಡಕಿಕೊಂಡು ಹೊರಡುತ್ತಾರೆ, ಪರದೆಯ ಮೇಲೆ ಇರುವೆ ಸಾಲಿನ ಹಾಗೆ ಹೆಸರುಗಳು ಮೇಲಕ್ಕೆ ಹತ್ತತೊಡಗುತ್ತವೆ. ನನ್ನ ಸಿನಿಮಾ ಶುರುವಾಗುವುದು ಆಗ. ಪೊರಕೆ ಹಿಡಿದವರು ನನ್ನ ಸಾಲಿನ ತುದಿಗೆ ಬಂದು ಕೆಮ್ಮುತ್ತಾರೆ. ನಾನು ಎರಡೂ ಕಾಲು ಎತ್ತಿ ಕೊಡುತ್ತೇನೆ, ಅವರು ಅಡಿಯಲ್ಲಿ ಗುಡಿಸಿಕೊಂಡು ಹೋಗುತ್ತಾರೆ. ನನ್ನ ಹೆಂಡತಿ ಸುಮಿತ್ರಾ ಬಾಗಿಲ ಹತ್ತಿರ ನಿಂತು, "ಬರ್ರಿ ಸಾಕು, ನಿಮ್ಮ ಹೆಸರೇನು ಬರೂದಿಲ್ಲ ಅದರಾಗ" ಎನ್ನುತ್ತಾಳೆ. ಎಷ್ಟೋ ವರ್ಷಗಳಿಂದ ಇದೊಂದೇ ಮಾತು. ಬೇರೆ ಯಾರಾದರೂ ಅಂದಿದ್ದರೆ ಜಗಳ ಆಡುತ್ತಿದ್ದೆ. ಅವಳಿಗೆ ಆ ಮಾತು ಆಡುವ ಹಕ್ಕಿದೆ. ಅದು ಹೇಗೆ ಬಂತು ಅನ್ನುವುದನ್ನು ಹೇಳಬೇಕಾದರೆ ನನ್ನ ಪೆನ್ನಿನ ಡಬ್ಬಿಯಲ್ಲಿ ಇವತ್ತಿಗೂ ಬಿದ್ದಿರುವ ಅರ್ಧ ಬ್ಲೇಡಿನಿಂದ ಶುರು ಮಾಡಬೇಕು.

ನಾನು ಕಸುಬಿನಿಂದ ಡ್ರಾಫ್ಟ್ಸ್‌ಮನ್. ಎಂಜಿನಿಯರು ಸಿಗರೇಟು ಪ್ಯಾಕಿನ ಹಿಂದೆ ಗೀಚಿಕೊಟ್ಟದ್ದನ್ನು ನಕ್ಷೆ ಮಾಡುವವನು. ಕಂಪ್ಯೂಟರು ಬಂದ ಮೇಲೆ ನಮ್ಮ ಕುಲ ಮುಗಿಯಿತು ಬಿಡಿ. ಆಗ ಮೇಜಿನಷ್ಟು ದೊಡ್ಡ ಟ್ರೇಸಿಂಗ್ ಪೇಪರು, ಅದರ ಮೇಲೆ ಕಪ್ಪು ಮಸಿ. ತಪ್ಪಿದರೆ ರಬ್ಬರಿಗೆ ಬಗ್ಗುವ ಮಸಿಯಲ್ಲ ಅದು. ಶೇವಿಂಗ್ ಬ್ಲೇಡನ್ನು ಉದ್ದಕ್ಕೆ ಮುರಿದು, ಅರ್ಧವನ್ನು ಎರಡು ಬೆರಳಲ್ಲಿ ಹಿಡಿದು, ಉಸಿರು ಬಿಗಿಹಿಡಿದು ಮೆಲ್ಲಗೆ ಕೆರೆಯಬೇಕು. ನಕ್ಷೆ ಮುಗಿಸಿದ ಮೇಲೆ ಒಂದು ತಾಸು ಬರೀ ಈ ಕೆರೆತವೇ. ಪೆನ್ನು ಉಗುಳಿದ ಹನಿ, ನೊಣ ಮಾಡಿಟ್ಟ ಗಲೀಜು, ಏನಿದ್ದರೂ ಹೋಗಬೇಕು. ಯಾಕೆಂದರೆ ನಕ್ಷೆಯಲ್ಲಿ ಸುಮ್ಮನೆ ಒಂದು ಚುಕ್ಕಿ ಉಳಿದರೆ ಮೇಸ್ತ್ರಿ ಅಲ್ಲೊಂದು ತೂತು ಕೊರೆದುಬಿಡುತ್ತಾನೆ. ಚುಕ್ಕಿ ನಮ್ಮ ಪಾಲಿಗೆ ಹುಟ್ಟಾ ವೈರಿ.

ಈ ರೋಗ ನನಗೆ ಅಪ್ಪನಿಂದ ಬಂದದ್ದು. ಬಾಗಲಕೋಟೆಯಲ್ಲಿ ಅಪ್ಪ ಬಡಗಿ. ಬಾಗಿಲು ಮಾಡಿ ಮುಗಿಸಿದ ಮೇಲೆ ಒಡೆದ ಗಾಜಿನ ಚೂರು ತಗೊಂಡು ತಾನೇ ಹಾಕಿದ ಪೆನ್ಸಿಲ್ ಗೆರೆಯನ್ನೆಲ್ಲ ಹೆರೆದು ತೆಗೆಯುತ್ತಿದ್ದ. ಕಟ್ಟಿಗೆಯ ಸಿಪ್ಪೆ ಸುರುಳಿ ಸುರುಳಿಯಾಗಿ ನನ್ನ ಚಡ್ಡಿಯ ಮೇಲೆ ಬೀಳುತ್ತಿತ್ತು. ನಾನು ಅದನ್ನು ಮೂಗಿಗೆ ಹಿಡಿದು ವಾಸನೆ ನೋಡುತ್ತಿದ್ದೆ. "ಗೆರಿ ಇರಬೇಕಪ್ಪಾ, ಕಾಣಬಾರದು" ಎನ್ನುತ್ತಿದ್ದ. ಒಮ್ಮೆ ಗೌಡರ ಮನೆಯ ಬಾಗಿಲಿನ ಮೇಲೆ ಯಾರೋ ಚಂದದ ಅಕ್ಷರದಲ್ಲಿ ಬರೆದಿದ್ದ ಹೆಸರನ್ನೂ ಗೆರೆ ಎಂದುಕೊಂಡು ನೀಟಾಗಿ ಹೆರೆದು ಬೈಸಿಕೊಂಡು ಬಂದಿದ್ದ. ಹೀಗೆ ಮಗನ ಭವಿಷ್ಯವನ್ನು ತಂದೆ ಮುಂಚೆಯೇ ಮಾಡಿ ತೋರಿಸಿದ್ದ. ನನಗೆ ತಿಳಿಯಲಿಲ್ಲ ಅಷ್ಟೆ.

ಕೆಲಸಕ್ಕೆಂದು ಹೋದ ಕುವೈತಿನಲ್ಲಿ ನಮ್ಮ ಮನೆ ಇದ್ದದ್ದು ಬ್ನೇದ್ ಅಲ್ ಗಾರ್‌ನಲ್ಲಿ, ನಾಲ್ಕು ಮಹಡಿಯ ಹಳೆಯ ಕಟ್ಟಡದ ಎರಡನೆಯ ಮಹಡಿ. ತೊಂಬತ್ತರ ಆರಂಭದಲ್ಲಿ ನಮ್ಮ ತಲೆಯ ಮೇಲಿನ ಮನೆಗೆ ಒಬ್ಬ ಫ್ರೆಂಚ್ ಮುದುಕರು ಬಂದರು. ಉದ್ದ ಕೈಕಾಲು, ಜೋಳದ ಕಡ್ಡಿಯ ಹಾಗೆ. ಬಂದ ಮೂರನೆಯ ದಿನವೇ ಬೆಳಿಗ್ಗೆ ಬಾಗಿಲು ತಟ್ಟಿದರು. ತೆಗೆದರೆ ಕೈಯಲ್ಲಿ ಒಂದು ಸ್ಟಾಪ್ ವಾಚು.

"ಡ್ರಮ್ಮು ಬಾರಿಸುವವರು ಯಾರು?" ಎಂದರು ಇಂಗ್ಲಿಷಿನಲ್ಲಿ. ಅವರ ಇಂಗ್ಲಿಷು ನನ್ನದಕ್ಕಿಂತ ಕುಂಟು. ಹಾಗಾಗಿ ನಮ್ಮಿಬ್ಬರಿಗೂ ಚೆನ್ನಾಗಿ ಹೊಂದಿತು.

ಡ್ರಮ್ಮು ಎಲ್ಲಿಂದ ಬರಬೇಕು! ಸುಮಿತ್ರಾ ಅಡುಗೆಮನೆಯಲ್ಲಿ ಜೋಳದ ರೊಟ್ಟಿ ಬಡಿಯುತ್ತಿದ್ದಳು. ಕಟ್ಟಡದ ನಡುವೆ ಗಾಳಿಗೆ ಬಿಟ್ಟ ಬಾವಿಯಂಥ ಸಂದಿಯಿತ್ತು. ನಮ್ಮ ಅಡುಗೆಮನೆಯ ಸದ್ದೆಲ್ಲ ಅದರಲ್ಲಿ ಹತ್ತಿ ಅವರ ಮಂಚಕ್ಕೆ ತಾಕುತ್ತಿತ್ತು. ನಿದ್ದೆ ಕೆಟ್ಟಿತೆಂದು ಬೈಯಲು ಬಂದಿದ್ದಾರೆಂದು ನಾನು ನಾಲ್ಕು ಸಲ ಸಾರಿ ಹೇಳಿದೆ. ಅವರು ನನ್ನನ್ನು ಪಕ್ಕಕ್ಕೆ ಸರಿಸಿ ಒಳಗೆ ಹೋಗಿ ಅಡುಗೆಮನೆಯ ಹೊಸ್ತಿಲಲ್ಲಿ ನಿಂತು ಗಡಿಯಾರ ಒತ್ತಿದರು. ಸುಮಿತ್ರಾ ಗಾಬರಿಯಾಗಿ ಕೈ ನಿಲ್ಲಿಸಿದಳು.

"ನಿಲ್ಲಿಸಬೇಡಿ ಮದಾಮ್" ಎಂದರು.

"ಯಾರ್ರೀ ಇವ್ರು? ರೊಟ್ಟಿ ಬಡಿಯೂದಕ್ಕ ಟೈಮ್ ಹಿಡಿತಾರಲ್ಲ!" ಎಂದಳು ಅವಳು ನನಗೆ. ಆದರೂ ಬಡಿದಳು. ಅವರು ಎರಡು ರೊಟ್ಟಿ ತಿಂದು, ಮೂರನೆಯದಕ್ಕೆ ತಟ್ಟೆ ಮುಂದೆ ಮಾಡಿದರು. ಅವತ್ತಿನಿಂದ ಅವರು ನಮ್ಮ ಮನೆಯಲ್ಲಿ ಮೇಲಿನ ಅಜ್ಜಾರು. ನಿಜವಾದ ಹೆಸರು ಆರ್ಮಾನ್ ಲುವಾಜೆಲ್. ಕೆಲಸ, ಸಿನಿಮಾಕ್ಕೆ ಸಂಗೀತ ಬರೆಯುವುದು.

ನೀವು ಆ ಹೆಸರು ಕೇಳಿಲ್ಲ ಅಂತ ನನಗೆ ಗೊತ್ತು. ಅವರ ಊರಿನವರೂ ಕೇಳಿರಲಿಲ್ಲ. ಅವರ ಅಪ್ಪ ಒಂದು ಸಣ್ಣ ಬಂದರು ಊರಿನಲ್ಲಿ ಪಿಯಾನೋ ರಿಪೇರಿ ಮಾಡುತ್ತಿದ್ದರಂತೆ. ಹತ್ತೊಂಬತ್ತನೆಯ ವಯಸ್ಸಿಗೆ ಪ್ಯಾರಿಸ್ಸಿಗೆ ಬಂದು ಒಬ್ಬ ದೊಡ್ಡ ಸಂಗೀತಗಾರನ ಕೈಕೆಳಗೆ ಸೇರಿದರು. ದೊಡ್ಡವನು ಹಾಡು ಬರೆಯುತ್ತಿದ್ದ, ಇವರು ಹಾಡಲ್ಲದ ಜಾಗಕ್ಕೆಲ್ಲ ಸಂಗೀತ ಬರೆಯುತ್ತಿದ್ದರು. ಅಂದರೆ ಬಾಗಿಲು ತೆರೆಯುವುದಕ್ಕೆ, ಪೊಲೀಸರು ಮೆಟ್ಟಿಲು ಹತ್ತುವುದಕ್ಕೆ, ಹುಡುಗಿ ಕಾಗದ ಓದಿ ಕಿಟಕಿಗೆ ಹೋಗುವುದಕ್ಕೆ. ಬಾಗಿಲಿಗೆ ನಾಲ್ಕು ಸೆಕೆಂಡು, ಕಿಟಕಿಗೆ ಏಳು. ಅದಕ್ಕೇ ಕೈಯಲ್ಲಿ ಆ ಗಡಿಯಾರ. ಪರದೆಯ ಮೇಲೆ ಹೆಸರು ಮಾತ್ರ ದೊಡ್ಡವನದು. ಒಂದು ಪತ್ತೇದಾರಿ ಸೀರಿಯಲ್ಲಿನ ಮೆಟ್ಟಿಲುಗಳಿಗೇ ಆರು ವರ್ಷ ಬರೆದರಂತೆ. ಆಮೇಲೆ ಜೇನುಹುಳದ ಮೇಲೊಂದು ಚಿತ್ರ, ಬಟ್ಟೆ ಸೋಪಿನ ಜಾಹೀರಾತು, ನಗಿಸಲಾರದೆ ಡಬ್ಬಿಯಲ್ಲೇ ಉಳಿದ ಒಂದು ಹಾಸ್ಯಚಿತ್ರ. ಒಬ್ಬ ನಿರ್ದೇಶಕ ಇವರ ಸಂಗೀತವನ್ನು ಹಿಂದುಮುಂದಾಗಿ ಓಡಿಸಿ ದೆವ್ವದ ಚಿತ್ರಕ್ಕೆ ಹಾಕಿಕೊಂಡಿದ್ದನಂತೆ. ಅವರು ಬರೆದದ್ದರಲ್ಲಿ ಎಲ್ಲಕ್ಕಿಂತ ಹೆಚ್ಚು ಜನ ಕೇಳಿದ್ದು ಟಿವಿಯಲ್ಲಿ ವಾರ್ತೆಗೆ ಮುಂಚೆ ಗಡಿಯಾರ ತೋರಿಸುವಾಗ ಬರುತ್ತಿದ್ದ ಎಂಟು ಸೆಕೆಂಡು. ಹನ್ನೊಂದು ವರ್ಷ ಇಡೀ ದೇಶ ಅದನ್ನು ಕೇಳಿಕೊಂಡು ಊಟಕ್ಕೆ ಕೂತಿದೆ. ಯಾರದೆಂದು ಒಬ್ಬರೂ ಕೇಳಿಲ್ಲ.

"ಕೊನೆಯಲ್ಲಿ ಸಣ್ಣ ಅಕ್ಷರದಲ್ಲಿ ನನ್ನ ಹೆಸರೂ ಬರುತ್ತದೆ. ಆಗ ಜನ ಕೋಟು ಹುಡುಕುತ್ತಿರುತ್ತಾರೆ" ಎಂದು ನಕ್ಕರು.

ನನಗೆ ನನ್ನ ನಕ್ಷೆಗಳೇ ಕಣ್ಣ ಮುಂದೆ ಬಂದವು. ಯಾಕೆಂದರೆ ಪ್ರತಿ ನಕ್ಷೆಯ ಬಲಗಡೆ ಕೆಳಗೆ ಒಂದು ಚೌಕ ಇರುತ್ತದೆ. ಅದರಲ್ಲಿ ಮೂರು ಮನೆ. ಬರೆದವರು, ನೋಡಿದವರು, ಒಪ್ಪಿದವರು. ಒಪ್ಪಿದವರ ಮನೆಯಲ್ಲಿ ಎಂಜಿನಿಯರ ಸಹಿ ನವಿಲಿನ ಹಾಗೆ ಬಾಲ ಬಿಚ್ಚಿಕೊಂಡು ಕೂತಿರುತ್ತದೆ. ಬರೆದವರ ಮನೆಯಲ್ಲಿ ಬಿ.ಬಿ. ಎಂದು ಎರಡು ಅಕ್ಷರ. ಬಸವರಾಜ ಬಡಿಗೇರ ಅಂದರೆ ಅಷ್ಟೆ. ನಾನು ಗೆರೆ ಎಳೆದ ಕಟ್ಟಡಗಳಲ್ಲಿ ಸಾವಿರಾರು ಜನ ಮಲಗಿ ಏಳುತ್ತಿದ್ದಾರೆ. ಬಿ.ಬಿ. ಯಾರೆಂದು ಒಬ್ಬರಿಗೂ ನಿದ್ದೆ ಕೆಟ್ಟಿಲ್ಲ.

ಕುವೈತಿಗೆ ಅಜ್ಜಾರು ಬಂದದ್ದು ಹಿಂದಿನ ಕಾಲದಲ್ಲಿ ಸಮುದ್ರಕ್ಕೆ ಮುಳುಗಿ ಮುತ್ತು ತೆಗೆಯುತ್ತಿದ್ದವರ ಬಗೆಗಿನ ಒಂದು ಚಿತ್ರಕ್ಕೆ. ಚಿತ್ರ ತೆಗೆದಾಗಿತ್ತು, ಪ್ಯಾರಿಸ್ಸಿನಲ್ಲಿ ಅದನ್ನು ಜೋಡಿಸುತ್ತಿದ್ದವಳು ಅವರ ಮಗಳು ಕ್ಲೇರ್. ಅಪ್ಪ ಇಲ್ಲಿ ಕೂತು ಸಮುದ್ರ ನೋಡಿ, ಹಳೆಯ ನಾವಿಕರ ಹಾಡು ಕೇಳಿ ಸಂಗೀತ ಬರೆಯಬೇಕು. ಮೊದಲ ಸಲ ಒಂದು ಇಡೀ ಚಿತ್ರಕ್ಕೆ, ಬಾಗಿಲು ಮೆಟ್ಟಿಲಿಗಲ್ಲ. ಮೊದಲ ಸಲ ಹೆಸರು ಪರದೆಯ ತುಂಬ. ಅರವತ್ತಾರನೆಯ ವಯಸ್ಸಿನಲ್ಲಿ. ನಾನು ಆಫೀಸಿಗೆ ಹೋದ ಮೇಲೆ ಅವರು ಅಡುಗೆಮನೆಯ ಸ್ಟೂಲಿನ ಮೇಲೆ ಕೂತು ಬರೆದ ಹಾಳೆಯನ್ನು ಸುಮಿತ್ರಾಳಿಗೆ ತೋರಿಸುತ್ತಿದ್ದರಂತೆ. ಮುಳುಗುವವರ ತಾಳಕ್ಕೆ ಅವಳ ರೊಟ್ಟಿ ಬಡಿತವನ್ನೇ ಇಟ್ಟಿದ್ದರು. ಈ ವಿಷಯವನ್ನು ಅವಳು ನನಗೆ ಹೇಳಲೇ ಇಲ್ಲ. ಹೇಳಿದ್ದಳೋ, ನಾನು ಪೇಪರು ಓದುತ್ತಿದ್ದೆನೋ. ನಮ್ಮ ಮನೆಯಲ್ಲಿ ಇದು ಇನ್ನೂ ಇತ್ಯರ್ಥವಾಗಿಲ್ಲ.

ಆಗಸ್ಟ್ ತಿಂಗಳಲ್ಲಿ ಇರಾಕಿನ ಸೈನ್ಯ ಬಂತು. ಒಂದು ಬೆಳಿಗ್ಗೆ ಎದ್ದರೆ ರಸ್ತೆಯಲ್ಲಿ ಟ್ಯಾಂಕು. ಆಫೀಸು ಖಲಾಸ್. ಬ್ಯಾಂಕು ಬಾಗಿಲು ಹಾಕಿತು, ಅಂಗಡಿಗಳು ಒಂದೊಂದಾಗಿ ಲೂಟಿಯಾದವು. ನಮ್ಮನ್ನು, ಅಂದರೆ ಇಂಡಿಯಾದವರನ್ನು, ಅಷ್ಟಾಗಿ ಮುಟ್ಟಲಿಲ್ಲ. ಆದರೆ ಯುರೋಪಿನವರು ತಾವಾಗಿ ಬಂದು ಹಾಜರಾಗಬೇಕು, ಅಡಗಿಸಿಟ್ಟವರಿಗೆ ಉಳಿಗಾಲವಿಲ್ಲ ಎಂದು ಸಾರಿದರು. ಅಜ್ಜಾರು ಪರದೆ ಎಳೆದುಕೊಂಡು ಮೇಲೆ ಕೂತರು. ಬೂಟು ಹಾಕಿ ನಡೆದರೆ ಸದ್ದೆಂದು ಬರೀ ಕಾಲು. ಸುಮಿತ್ರಾ ಬುಟ್ಟಿಗೆ ಹಗ್ಗ ಕಟ್ಟಿ, ಗಾಳಿ ಸಂದಿಯಲ್ಲಿ ರೊಟ್ಟಿ ಮೇಲಕ್ಕೆ ಕಳಿಸುತ್ತಿದ್ದಳು. ರೊಟ್ಟಿಯನ್ನು ಮಾತ್ರ ಎಂದಿಗಿಂತ ಜೋರಾಗಿ ಬಡಿದಳು. ಯಾಕೆ ಅಂತ ಕೇಳಿದೆ.

"ಕೆಳಗ ನಾವು ಅದೇವಿ ಅಂತ ಅವರಿಗೆ ಗೊತ್ತಾಗಲಿ" ಎಂದಳು.

ಕೆಳಗಿನ ಮಹಡಿಯ ಸದಾನಂದ ಶೆಟ್ಟರು ಉಡುಪಿ ಕಡೆಯವರು, ಒಂದು ಹೋಟೆಲಿನ ಸ್ಟೋರು ನೋಡಿಕೊಳ್ಳುತ್ತಿದ್ದರು. ಊರಿಗೆ ಹೊರಟವರಿಗೆ ಬಸ್ಸು ಗೊತ್ತು ಮಾಡುವ ಕೆಲಸ ತಾನಾಗಿಯೇ ಅವರ ತಲೆಗೆ ಬಂದಿತ್ತು. ಬಸ್ರಾ, ಬಾಗ್ದಾದ್, ಜೋರ್ಡಾನ್, ಅಲ್ಲಿಂದ ವಿಮಾನದಲ್ಲಿ ಬೊಂಬಾಯಿ. "ಇನ್ನು ಎಂಟು ಹತ್ತು ದಿನದಲ್ಲಿ ಒಂದು ಬಸ್ಸು ಉಂಟು ಬಡಿಗೇರ್ರೆ, ತಯಾರಾಗಿರಿ" ಎಂದರು. ಅಂದು ಮಧ್ಯಾಹ್ನ ನಾನು ಮೇಲೆ ಹೋಗಿ ಅಜ್ಜಾರಿಗೆ ಹೇಳಿದೆ. ಅವರು ಮೇಜಿನ ಮೇಲಿದ್ದ ಹಾಳೆಯ ಕಟ್ಟನ್ನು ಕೈಯಿಂದ ಸವರಿದರು.

"ಇದು ಮುಗಿದಿದೆ. ಚಳಿಗಾಲದೊಳಗೆ ಕ್ಲೇರಳಿಗೆ ಸಿಗದಿದ್ದರೆ ಬೇರೆಯವರಿಂದ ಬರೆಸುತ್ತಾರೆ" ಎಂದರು. ಹಾಳೆಗಳ ಅಂಚು ಸಮ ಮಾಡುತ್ತ, "ಮತ್ತೆ ಇನ್ನೊಬ್ಬರ ಹೆಸರು" ಎಂದರು.

ನಾನು ಒಯ್ಯುತ್ತೇನೆ ಎಂದುಬಿಟ್ಟೆ. ನನ್ನ ಬಾಯಿ ಯಾವಾಗಲೂ ನನಗಿಂತ ಒಂದು ಹೆಜ್ಜೆ ಮುಂದೆ.

ಕೆಳಗೆ ಬಂದು ಹೇಳಿದರೆ ಶೆಟ್ಟರು ಹಣೆ ಚಚ್ಚಿಕೊಂಡರು. "ಎಂತ ಮಾರಾಯ್ರೆ! ಫ್ರೆಂಚಿನ ಒಂದು ಅಕ್ಷರ ಸಿಕ್ಕಿದ್ರೂ ಮುದುಕ ಎಲ್ಲಿದ್ದಾನೆ ಅಂತ ಕೇಳ್ತಾರೆ. ಅದೂ ಆ ಬಾಲ ಇರುವ ಚುಕ್ಕಿ ಚುಕ್ಕಿ ಬರಹ! ಗುಪ್ತ ಭಾಷೆ ಅಂತ ಹೇಳಿ ಅಲ್ಲಿಯೇ ಇಳಿಸ್ತಾರೆ. ಇಡೀ ಬಸ್ಸಿಗೇ ಆಪತ್ತು."

ಶೆಟ್ಟರ ಮಾತು ಸರಿಯಾಗಿತ್ತು. ನಾನು ಆ ಹಾಳೆಗಳನ್ನು ಮತ್ತೊಮ್ಮೆ ನೋಡಿದೆ. ಐದು ಐದು ಗೆರೆ ಉದ್ದಕ್ಕೆ ಓಡುತ್ತವೆ, ಅವುಗಳಿಂದ ಕಡ್ಡಿಗಳು ಏಳುತ್ತವೆ, ಕಡ್ಡಿಯ ತುದಿಗೆ ಉರುಟು ಬುರುಡೆ. ನನ್ನ ಕಣ್ಣಿಗೆ ಅದು ಸಂಗೀತವಾಗಿ ಎಂದೂ ಕಂಡಿರಲಿಲ್ಲ. ಐದು ತಂತಿ, ಅದಕ್ಕೆ ನೇತು ಹಾಕಿದ ಬಲ್ಬು. ಅಪ್ಪಟ ವೈರಿಂಗ್ ನಕ್ಷೆ!

ಆಫೀಸಿನಿಂದ ತಂದಿಟ್ಟಿದ್ದ ಟ್ರೇಸಿಂಗ್ ಪೇಪರಿನ ಸುರುಳಿ ಮನೆಯಲ್ಲಿತ್ತು. ಅಜ್ಜಾರ ಮನೆಯ ಕಿಟಕಿಯ ಹತ್ತಿರ ಬೋರ್ಡು ಹಾಕಿಕೊಂಡು, ಪರದೆಯ ಸಂದಿಯ ಬೆಳಕಿನಲ್ಲಿ ಕೂತೆ. ಎಂಟು ದಿನ, ಹದಿನಾಲ್ಕು ದೊಡ್ಡ ಹಾಳೆ. ಅಂಚಿನಲ್ಲಿ ನಾಲ್ಕಾರು ಸ್ವಿಚ್ಚು, ಒಂದು ಫ್ಯೂಸ್ ಪೆಟ್ಟಿಗೆ ಬಿಡಿಸಿದೆ. ಕೆಳಗೆ ಚೌಕದಲ್ಲಿ 'ದೀಪ ವ್ಯವಸ್ಥೆ, ಮೂರನೆಯ ಮಹಡಿ' ಎಂದು ಬರೆದೆ. ಬರೆದವರು, ಬಿ.ಬಿ. ಒಪ್ಪಿದವರ ಮನೆ ಖಾಲಿ ಬಿಟ್ಟೆ. ಅಜ್ಜಾರು ಮೊದಲ ಹಾಳೆ ಮುಗಿದಾಗ ಮೂಲದ ಪಕ್ಕಕ್ಕೆ ಹಿಡಿದು ನೋಡಿ, "ನೀವು ಮನುಷ್ಯರಲ್ಲ, ಯಂತ್ರ" ಎಂದರು. ನನಗೆ ಆಕಾಶಕ್ಕೆ ಮೂರೇ ಗೇಣು. ಮಿಕ್ಕ ಹಾಳೆಗಳನ್ನು ಅವರು ನೋಡಲೇ ಇಲ್ಲ, ಅಷ್ಟು ನಂಬಿಕೆ. ಮಗಳ ವಿಳಾಸವನ್ನು ಸುಮಿತ್ರಾ ತನ್ನ ಅಡುಗೆಯ ನೋಟ್‌ಬುಕ್ಕಿನಲ್ಲಿ ಎಣಗಾಯಿಗೂ ಶೇಂಗಾ ಹಿಂಡಿಗೂ ನಡುವೆ ಕನ್ನಡ ಅಕ್ಷರದಲ್ಲಿ ಬರೆದುಕೊಂಡಳು.

ಹೊರಡುವ ದಿನ ಮಧ್ಯಾಹ್ನ ಶೆಟ್ಟರು ಓಡಿ ಬಂದು, "ಯಲ್ಲಾ, ಹೊರಡಿ ಹೊರಡಿ, ಇನ್ನು ಎರಡು ಗಂಟೆಯಲ್ಲಿ ಬಸ್ಸು ಬಂತು" ಎಂದರು. ಸುಮಿತ್ರಾ ಗಂಟು ಕಟ್ಟುತ್ತಿದ್ದಳು. ನಾನು ಏನು ಮಾಡಿದೆ ಗೊತ್ತೇ? ಕೆಳಗೆ ನಮ್ಮ ಮನೆಯ ನೆಲದ ಮೇಲೆ ಹದಿನಾಲ್ಕು ಹಾಳೆ ಹರಡಿಕೊಂಡು ಅರ್ಧ ಬ್ಲೇಡು ತೆಗೆದೆ. ದೇಶ ಮುಳುಗುತ್ತಿರಲಿ, ನಕ್ಷೆಯನ್ನು ಶುಚಿ ಮಾಡದೆ ಕೈಯಿಂದ ಬಿಡುವುದು ನಮ್ಮ ಕಸುಬಿನಲ್ಲಿಲ್ಲ. ಅಜ್ಜಾರ ಪೆನ್ನು ಸೋರುವ ಪೆನ್ನು, ಅವರ ಹಾಳೆಯ ತುಂಬ ಮಸಿಯ ಹನಿ. ನಕಲು ಮಾಡುವಾಗ ಕಂಡದ್ದನ್ನೆಲ್ಲ ಕಂಡ ಹಾಗೆ ಇಳಿಸಿದ್ದೆ. ಬುರುಡೆಗಳ ತಲೆಯ ಮೇಲೆ ಸಾಸಿವೆ ಕಾಳಿನಷ್ಟು ಚುಕ್ಕಿಗಳು ನೂರಾರು. ಒಂದೂ ಬಿಡದೆ ಕೆರೆದೆ. ಉಸಿರು ಹಿಡಿದು, ತೂತು ಬೀಳದ ಹಾಗೆ. ಅಪ್ಪ ನೋಡಿದ್ದರೆ ಭೇಷ್ ಅನ್ನುತ್ತಿದ್ದ.

ಅಜ್ಜಾರು ಕೆಳಗೆ ಇಳಿಯುವ ಹಾಗಿರಲಿಲ್ಲ. ಸುಮಿತ್ರಾ ಮನೆಯಲ್ಲಿದ್ದ ಹಿಟ್ಟನ್ನೆಲ್ಲ ಖಾಲಿ ಮಾಡಿ ಕಟಕಟಿ ಒಣರೊಟ್ಟಿ ಮಾಡಿ ಅವರ ಮೇಜಿನ ಮೇಲೆ ಗೋಪುರ ಕಟ್ಟಿ ಬಂದಳು. ತಿಂಗಳು ಕಳೆದರೂ ಕೆಡದ ರೊಟ್ಟಿ. ಶೆಟ್ಟರು ಕೊನೆಯ ಬಸ್ಸಿನವರೆಗೆ ಇರುತ್ತೇನೆ, ಅಲ್ಲಿತನಕ ನೋಡಿಕೊಳ್ಳುತ್ತೇನೆ ಎಂದಿದ್ದರು. ಬಾಗಿಲಲ್ಲಿ ನಾನು ಕೈ ಮುಗಿದೆ. ಅಜ್ಜಾರು ಸ್ಟಾಪ್ ವಾಚನ್ನು ಒತ್ತಿ, "ಬೇಗ ಹೋಗಿ, ಬಾಗಿಲಿಗೆ ನಾಲ್ಕೇ ಸೆಕೆಂಡು" ಎಂದರು. ನಗಬೇಕೆಂದು ಹೇಳಿದ್ದು. ನಾವಿಬ್ಬರೂ ಮೆಟ್ಟಿಲಿಳಿಯುವಾಗ ಅತ್ತೆವು.

ಬಸ್ರಾ ದಾಟಿದ ಮೇಲೆ ಒಂದು ಕಡೆ ಎಲ್ಲರನ್ನೂ ಕೆಳಗಿಳಿಸಿದರು. ಸಿಪಾಯಿ ನನ್ನ ಸುರುಳಿ ಬಿಚ್ಚಿ ನೋಡಿ ತಲೆ ಕೆರೆದುಕೊಂಡು ಅಧಿಕಾರಿಯನ್ನು ಕರೆದ. ಅಧಿಕಾರಿ ಹಾಳೆಯನ್ನು ಬಸ್ಸಿನ ಮೂತಿಯ ಮೇಲೆ ಹರಡಿದ.

"ಇದೇನು?"

"ಎಲೆಕ್ಟ್ರಿಕ್" ಎಂದೆ.

ಅವನು ಬಹಳ ಹೊತ್ತು ನೋಡಿದ. ವಾದ್ಯಗಳೆಲ್ಲ ಒಟ್ಟಿಗೆ ನುಡಿಯುವ ಕಡೆ, ಬುರುಡೆಯ ಮೇಲೆ ಬುರುಡೆ ಏರಿ ಕೂತ ಜಾಗದ ಮೇಲೆ ಬೆರಳಿಟ್ಟು, "ಒಂದೇ ಲೈನಿಗೆ ಇಷ್ಟೊಂದು ಬಲ್ಬು? ಫ್ಯೂಸು ಹಾರುತ್ತದೆ ಭಾಯಿ" ಎಂದ ಅರಬ್ಬಿ ಹಿಂದಿ ಕಲಸಿ. ನಾನು ತಪ್ಪಾಯಿತು, ತಿದ್ದುತ್ತೇನೆ ಎಂದೆ. ಅವನಿಗೆ ಸಂತೋಷವಾಯಿತು. ಸುರುಳಿಯನ್ನು ತಾನೇ ಸುತ್ತಿ ಕೊಟ್ಟ. ಬಸ್ಸು ಹತ್ತಿದ ಮೇಲೆ ಸುಮಿತ್ರಾ, "ಪಾಪ, ಚೊಲೋ ಮನಶ್ಯಾ ಇದ್ದಾನ" ಎಂದಳು.

ಜೋರ್ಡಾನಿನ ಗಡಿಯ ಡೇರೆಯಲ್ಲಿ ಧೂಳು ಕುಡಿಯುತ್ತ ದಿನಗಟ್ಟಲೆ ಕೂತದ್ದು, ನೀರಿನ ಸಾಲಿನಲ್ಲಿ ನಿಂತದ್ದು, ಅದೆಲ್ಲ ಇನ್ನೊಂದು ಪುರಾಣ. ನಾನು ಸುರುಳಿಯನ್ನು ಕೂಸಿನ ಹಾಗೆ ಮಗ್ಗುಲಲ್ಲಿ ಇಟ್ಟುಕೊಂಡೇ ಮಲಗುತ್ತಿದ್ದೆ. ಬೊಂಬಾಯಿಯಲ್ಲಿ ಇಳಿದವನೇ ಮೊದಲು ಅಂಚೆ ಕಚೇರಿಗೆ ಹೋದೆ, ಆಮೇಲೆ ಚಹಾ ಕುಡಿದೆ. ಎಣಗಾಯಿಯ ಪಕ್ಕದ ವಿಳಾಸವನ್ನು ಸುಮಿತ್ರಾ ಓದಿದಳು, ನಾನು ಇಂಗ್ಲಿಷಿನಲ್ಲಿ ಬರೆದೆ. ರಿಜಿಸ್ಟರ್ ಮಾಡಿಸಿದೆ. ಜನ್ಮದಲ್ಲಿ ಒಂದು ದೊಡ್ಡ ಕೆಲಸ ಮಾಡಿದೆ ಎಂದು ಎದೆ ಉಬ್ಬಿಸಿಕೊಂಡು ಬಾಗಲಕೋಟೆಗೆ ಬಂದೆ. ಆ ಉಬ್ಬು ಇದ್ದದ್ದು ಒಂದು ವಾರ.

ಒಂದು ಬೆಳಿಗ್ಗೆ ಸುಮಿತ್ರಾ ಒಲೆಯ ಮುಂದೆ ರೊಟ್ಟಿ ಬಡಿಯುತ್ತ ತಾನೇ ನಕ್ಕಳು. "ಅಜ್ಜಾರು ನೆನಪಾದ್ರು ನೋಡ್ರಿ. ಕೈ ಹಿಂಗ ಇಟ್ಟು ಹಿಂಗ ತಟ್ಟನ ಎತ್ತೂದಕ್ಕ ಆ ಬುರುಡಿ ತಲಿ ಮ್ಯಾಲ ಒಂದು ಚುಕ್ಕಿ ಇಡತಿದ್ರು. ಈ ಚುಕ್ಕಿ ನೀನ ನೋಡು ಮದಾಮ್, ಅಂತಿದ್ರು."

"ಯಾವ ಚುಕ್ಕಿ?" ಎಂದೆ.

"ಅದsರೀ, ಹಾಳಿ ತುಂಬ ಸಾಸಿವಿ ಉಗ್ಗಿದಂಗ ಇರ್ತಿದ್ವಲ್ಲ."

ಕೈಯಲ್ಲಿದ್ದ ರೊಟ್ಟಿಯನ್ನು ತಟ್ಟೆಗೆ ಹಾಕಿದೆ. ಹೊರಡುವ ದಿನ ಬ್ಲೇಡಿನಿಂದ ಕೆರೆದದ್ದನ್ನು ಹೇಳಿದೆ. ಅವಳ ಕೈ ರೊಟ್ಟಿ ಬಡಿಯುವ ಕೊಣಮಿಗೆಯ ಮೇಲೇ ನಿಂತಿತು.

"ಕೆರದ್ರಿ? ನನ್ನ ರೊಟ್ಟಿ ಕೆರದು ಒಗದ್ರಿ?"

"ಹೊಲಸು ಅನ್ಕೊಂಡೆ."

"ಹೊಲಸು!" ಎಂದಳು. ಮಿಕ್ಕ ಹಿಟ್ಟನ್ನು ಮುಚ್ಚಿಟ್ಟು ಎದ್ದು ಹೋದಳು. ನನಗೆ ಅದಕ್ಕಿಂತ ಹೆಚ್ಚು ಉರಿದದ್ದು ಅಜ್ಜಾರನ್ನು ನೆನೆದು. ಆ ಮನುಷ್ಯ ಜೀವ ಕೈಯಲ್ಲಿ ಹಿಡಿದುಕೊಂಡು ಕತ್ತಲ ಮನೆಯಲ್ಲಿ ಕೂತಿದ್ದಾನೆ. ಒಂದು ಇಡೀ ಜನ್ಮ ಕಾದು ಬರೆದ ಸಂಗೀತ, ನಾಳೆ ಪ್ಯಾರಿಸ್ಸಿನಲ್ಲಿ ವಾದ್ಯದವರು ನುಡಿಸುವಾಗ ಅದರ ಕುಣಿತವೇ ಇಲ್ಲ. ಹೆಸರು ಬರುತ್ತದೆ, ಪರದೆಯ ತುಂಬ ಬರುತ್ತದೆ, ಸಪ್ಪೆ ಸಂಗೀತದ ಜೊತೆ. ಇದಕ್ಕಿಂತ ಇನ್ನೊಬ್ಬರ ಹೆಸರು ಬಂದಿದ್ದರೇ ವಾಸಿಯಿತ್ತು. ಕ್ಲೇರಳಿಗೆ ಒಂದು ಕಾಗದ ಬರೆದೆ. ಚುಕ್ಕಿಗಳಿದ್ದವು, ನಾನು ತೆಗೆದೆ, ಎಲ್ಲೆಲ್ಲಿ ಎಂದು ನೆನಪಿಲ್ಲ, ಕ್ಷಮಿಸಬೇಕು. ಉತ್ತರ ಬರಲಿಲ್ಲ. ಚಳಿಗಾಲದ ಹೊತ್ತಿಗೆ ಯುರೋಪಿನವರನ್ನು ಬಿಟ್ಟರಂತೆ ಎಂದು ರೇಡಿಯೋ ಹೇಳಿತು. ಯಾರನ್ನು ಬಿಟ್ಟರು, ಯಾರು ಉಳಿದರು, ರೇಡಿಯೋಗೇನು ಗೊತ್ತು. ಆಮೇಲೆ ಯುದ್ಧ. ಕುವೈತಿನ ಸುದ್ದಿ ಬಂದಾಗಲೆಲ್ಲ ನಾನು ಆ ಮೂರನೆಯ ಮಹಡಿಯ ಪರದೆಯನ್ನು ನೆನೆಯುತ್ತಿದ್ದೆ. ಅರ್ಧ ಬ್ಲೇಡನ್ನು ಎಸೆಯಬೇಕೆಂದು ಎಷ್ಟೋ ಸಲ ಎತ್ತಿಕೊಂಡೆ. ಎಸೆಯಲಿಲ್ಲ.

ತೊಂಬತ್ತೊಂದರ ಕೊನೆಗೆ ಕಂಪನಿ ವಾಪಸು ಕರೆಯಿತು. ಒಡೆದ ಊರು ಕಟ್ಟಲು ನಕ್ಷೆ ಬೇಕಲ್ಲ. ನಾನೂ ಸುಮಿತ್ರಾಳೂ ಬಂದಾಗ ಉರಿಯುತ್ತಿದ್ದ ಎಣ್ಣೆ ಬಾವಿಗಳನ್ನು ಆರಿಸಿ ಮುಗಿದಿತ್ತು, ಆದರೂ ಗೋಡೆ ಒರೆಸಿದರೆ ಬಟ್ಟೆ ಕಪ್ಪು. ಬ್ನೇದ್ ಅಲ್ ಗಾರ್ ಮನೆಯಲ್ಲಿ ಫ್ಯಾನಿನಿಂದ ನಲ್ಲಿಯವರೆಗೆ ಎಲ್ಲ ಬಿಚ್ಚಿಕೊಂಡು ಹೋಗಿದ್ದರು. ಮೇಲಿನ ಮನೆಗೆ ಓಡಿದೆ. ಖಾಲಿ. ಮೇಜಿನ ಮೇಲೆ ರೊಟ್ಟಿಯ ಒಂದು ಚೂರೂ ಉಳಿದಿರಲಿಲ್ಲ. ತಿಂದಿದ್ದಾರೆ ಅಂದುಕೊಂಡೆ. ಅಷ್ಟಕ್ಕೇ ಸ್ವಲ್ಪ ಧೈರ್ಯ ಬಂತು.

ನಮಗಿಂತ ಮುಂಚೆ ಬಂದಿದ್ದ ಶೆಟ್ಟರು ಖೈತಾನ್‌ನಲ್ಲಿ ಮನೆ ಹಿಡಿದಿದ್ದರು. ಅವರಿಗೂ ಗೊತ್ತಿರಲಿಲ್ಲ. "ನಾನು ಹೊರಡುವಾಗ ಇದ್ರು ಮಾರಾಯ್ರೆ, ಗಡ್ಡ ಬಿಟ್ಟು ನಮ್ಮೂರ ಸ್ವಾಮಿಗಳ ಹಾಗೆ ಆಗಿದ್ರು. ಆಮೇಲೆ ಎಂತ ಆಯ್ತೋ" ಎಂದರು. ಆ ವಾರವೇ ಬಾಗಲಕೋಟೆಯಿಂದ ನನ್ನ ಭಾವ ದಾಟಿಸಿದ ಒಂದು ಪಾರ್ಸೆಲ್ ಬಂತು. ಮೇಲೆ ಫ್ರಾನ್ಸಿನ ಸ್ಟಾಂಪು. ಒಳಗೆ ಒಂದು ವಿಡಿಯೋ ಕ್ಯಾಸೆಟ್, ಮಡಿಸಿದ ಒಂದು ಟ್ರೇಸಿಂಗ್ ಪೇಪರು. ನನ್ನದೇ ಮೊದಲ ಹಾಳೆ.

ನಕ್ಷೆಯಲ್ಲಿ ಆಮೇಲೆ ಮಾಡಿದ ಬದಲಾವಣೆ ಬರೆಯಲು ಬಲಗಡೆ ಒಂದು ಅಂಕಣ ಇರುತ್ತದೆ. ಅದರಲ್ಲಿ ಅಜ್ಜಾರ ಸೋರುವ ಪೆನ್ನಿನ ಅಕ್ಷರ. ಅಜ್ಜಾರದೇ! ನಾನು ನೆಲದ ಮೇಲೆ ಕೂತುಬಿಟ್ಟೆ. ಓದಿ ಕನ್ನಡದಲ್ಲಿ ಹೇಳಿದೆ, ಸುಮಿತ್ರಾ ಬಾಗಿಲ ಚೌಕಟ್ಟು ಹಿಡಿದು ಕೇಳಿದಳು.

'ಬದಲಾವಣೆ ಒಂದು. ನಾನು ಬಂದು ಮುಟ್ಟುವ ಹೊತ್ತಿಗೆ ಅರ್ಧ ನುಡಿಸಿ ಆಗಿತ್ತು, ಚುಕ್ಕಿ ಇಲ್ಲದೆ. ಬೈಯಲು ಬಾಯಿ ತೆರೆದೆ. ಪರದೆಯ ಮೇಲೆ ಮನುಷ್ಯ ನೀರಿನೊಳಗಿದ್ದ. ನೀರಿನೊಳಗೆ ರೊಟ್ಟಿ ಬಡಿಯಲು ಬರುವುದಿಲ್ಲ. ಅಲ್ಲಿ ಚುಕ್ಕಿ ಬೇಡ, ಹಾಗೇ ಇರಲಿ. ಬದಲಾವಣೆ ಎರಡು. ಅವನ ತಲೆ ನೀರಿನಿಂದ ಮೇಲೆ ಬಂದ ಕ್ಷಣದಿಂದ ಎಲ್ಲ ಚುಕ್ಕಿ ವಾಪಸು. ನಿಮ್ಮ ಹಾಳೆಯನ್ನು ಕಿಟಕಿಗೆ ಹಿಡಿದೆ. ಕೆರೆದ ಪ್ರತಿ ಜಾಗವೂ ಬೆಳಕಿಗೆ ಕಂಡಿತು, ಒಂದೂ ತಪ್ಪಲಿಲ್ಲ.'

ಕೆಳಗೆ, ನಾನು ಖಾಲಿ ಬಿಟ್ಟಿದ್ದ ಒಪ್ಪಿದವರ ಮನೆಯಲ್ಲಿ ಅವರ ಸಹಿ.

ಕ್ಯಾಸೆಟ್ ನೋಡಲು ಶುಕ್ರವಾರ ಮಧ್ಯಾಹ್ನ ಶೆಟ್ಟರ ಮನೆಗೆ ಹೋದೆವು. ಅವರ ಹತ್ತಿರ ಯಾವ ದೇಶದ ಕ್ಯಾಸೆಟ್ಟನ್ನಾದರೂ ನುಂಗುವ ವಿಸಿಆರ್ ಇತ್ತು. ಊರಿಂದ ತಂದ ಜೋಳದ ಹಿಟ್ಟನ್ನು ಸುಮಿತ್ರಾ ಜೊತೆಗೇ ತಂದಿದ್ದಳು. ಬಾಗಿಲ ಎದುರಿಗೇ ಅಡುಗೆಮನೆ. ಅವಳು ಅಲ್ಲಿಂದಲೇ ಬಗ್ಗಿ ಬಗ್ಗಿ ನೋಡುತ್ತಿದ್ದಳು. ದೋಣಿ, ಹಗ್ಗ, ಮೂಗಿಗೆ ಚಿಮಟ ಹಾಕಿಕೊಂಡ ಮನುಷ್ಯ. ಅವನು ಮುಳುಗಿದ. ಸಂಗೀತ ಅವನ ಜೊತೆಗೇ ಕೆಳಗೆ ಇಳಿಯಿತು, ನಿಧಾನವಾಗಿ, ಎಲ್ಲೂ ಕಡಿಯದೆ. ಚುಕ್ಕಿ ಇಲ್ಲದ ನನ್ನ ಸಂಗೀತ! ಆಮೇಲೆ ಅವನ ತಲೆ ನೀರು ಒಡೆದು ಮೇಲೆ ಬಂತು, ಬಾಯಿ ತೆರೆದು ಗಾಳಿ ಎಳೆದುಕೊಂಡ, ಅದೇ ಕ್ಷಣಕ್ಕೆ ಹಲಗೆಯ ಮೇಲೆ ಟಪ್ ಟಪ್ ಟಪ್ಪ ಟಪ್.

"ಅಯ್ಯ, ಇದು ನಾನs ರೀ!" ಎಂದು ಸುಮಿತ್ರಾ ಹಿಟ್ಟಿನ ಕೈಯಲ್ಲೇ ಓಡಿ ಬಂದಳು. ಅಷ್ಟರಲ್ಲಿ ಹಂಚಿನ ಮೇಲಿನ ರೊಟ್ಟಿ ಹೊತ್ತಿತೆಂದು ಮತ್ತೆ ಒಳಗೆ ಓಡಿದಳು.

ಚಿತ್ರ ಮುಗಿಯಿತು. ಪರದೆ ಕಪ್ಪಾಗಿ, ನಡುವೆ ಒಂದೇ ಒಂದು ಹೆಸರು. ಆರ್ಮಾನ್ ಲುವಾಜೆಲ್. ಬೇಗ ಹೋಗಲಿಲ್ಲ, ನಿಂತಿತು. ನಾನು ಬೆರಳಲ್ಲಿ ಎಣಿಸಿದೆ. ಎಂಟು ಸೆಕೆಂಡು. ಶೆಟ್ಟರು ಚಪ್ಪಾಳೆ ತಟ್ಟಿ ಕ್ಯಾಸೆಟ್ ನಿಲ್ಲಿಸಲು ಎದ್ದರು. "ತಡೀರಿ" ಎಂದೆ. ಸಣ್ಣ ಅಕ್ಷರಗಳು ಹತ್ತತೊಡಗಿದವು. ಪಿಟೀಲಿನವರು, ಕೊಳಲಿನವರು, ಯಾರು ಯಾರೋ. ಆ ಸಾಲಿನ ಕೊನೆಗೆ, ವಾದ್ಯಗಾರರ ನಡುವೆ, ಇಂಗ್ಲಿಷ್ ಅಕ್ಷರದಲ್ಲಿ 'ರೊಟ್ಟಿ' ಎಂದಿತ್ತು. ಅದರ ಮುಂದೆ 'ಸುಮಿತ್ರಾ, ಬ್ನೇದ್ ಅಲ್ ಗಾರ್'.

ನಾನು ಹೇಗೆ ಕೂಗಿದೆನೋ, ಅವಳು ಬಿದ್ದು ಎದ್ದು ಬಂದಳು. ಹಿಂದಕ್ಕೆ ತಿರುಗಿಸಿ ಮತ್ತೆ ಹಾಕಿದೆವು. ಅವಳು ಟಿವಿಗೆ ಮೂಗು ತಾಗುವಷ್ಟು ಹತ್ತಿರ ಹೋಗಿ ಒಂದೊಂದೇ ಅಕ್ಷರ ಕೂಡಿಸಿ ಓದಿದಳು. ಹಿಟ್ಟಿನ ಬೆರಳಿನಿಂದ ಗಾಜಿನ ಮೇಲೆ ತನ್ನ ಹೆಸರನ್ನು ಮುಟ್ಟಿದಳು. ಮೊಣಕೈಯಿಂದ ಕಣ್ಣು ಒರೆಸಿಕೊಂಡಳು.

"ನಿಮ್ಮದೆಲ್ಲಿ?" ಎಂದಳು ಕೊನೆಗೆ.

"ಬರ್ತೈತಿ, ತಡಿ" ಎಂದೆ.

ಹೆಸರುಗಳು ಹತ್ತುತ್ತಲೇ ಇದ್ದವು. ಕ್ಯಾಮೆರಾದವರು, ದೋಣಿಯವರು, ಊಟ ಕೊಟ್ಟವರು. ಅವಳು ಒಳಗೆ ಹೋದಳು. ಹೆಸರುಗಳು ಮುಗಿದು ಪರದೆಯ ತುಂಬ ಬರೀ ಚುಕ್ಕಿ ಕುಣಿಯತೊಡಗಿದವು. ನಾನು ಇನ್ನೂ ನೋಡುತ್ತ ಕೂತಿದ್ದೆ. ಅಡುಗೆಮನೆಯಲ್ಲಿ ರೊಟ್ಟಿ ಬಡಿಯುವ ಸದ್ದು ಎದ್ದಿತು, ಎಂದಿಗಿಂತ ಜೋರಾಗಿ. ಅದರ ನಡುವೆ, ಮೊಟ್ಟಮೊದಲ ಸಲ, ಅವಳ ದನಿ ಕೇಳಿಸಿತು.

"ಬರ್ರಿ ಸಾಕು, ನಿಮ್ಮ ಹೆಸರೇನು ಬರೂದಿಲ್ಲ ಅದರಾಗ. ರೊಟ್ಟಿ ಬಿಸಿ ಅದಾವ."